ದಂಡಿಸುವ ಕೈ

ಸರಕಾರಿ ಡಾಕ್ಟರೊಬ್ಬರು ಅಮಾನತಾದರೆಂಬ ಸುದ್ದಿ ಪತ್ರಿಕೆಯಲ್ಲಿ ಬಂದ ದಿನ ನಮ್ಮ ಉದ್ಯಾವರದ ಹೋಟೆಲುಗಳಲ್ಲಿ ಚಹದ ಜೊತೆಗೆ ಒಂದಿಷ್ಟು ಸಮಾಧಾನವೂ ಹಂಚಿಕೆಯಾಗುತ್ತದೆ. ಕೆಲವು ತಿಂಗಳ ಮೇಲೆ ಅದೇ ಡಾಕ್ಟರು ನ್ಯಾಯಮಂಡಳಿಯ ಆದೇಶ ಹಿಡಿದು ಮರಳಿದರೆಂದಾಗ ಅದೇ ಬಾಯಿಗಳು, "ಕಾನೂನಿರುವುದೇ ತಪ್ಪಿಸಿಕೊಳ್ಳುವವರಿಗೆ" ಎನ್ನುತ್ತವೆ. ಮಾತು ಒರಟು, ಆದರೆ ಹುಸಿಯಲ್ಲ. ಮಣಿಪಾಲದ ಖರ್ಚು ತಾಳಲಾರದೆ ಸರಕಾರಿ ಆಸ್ಪತ್ರೆಯ ಬೆಂಚನ್ನೇ ನಂಬಿದವನು ಹೀಗೆಂದರೆ ಅದನ್ನು ತಳ್ಳಿಹಾಕುವ ಧೈರ್ಯ ನನಗಿಲ್ಲ. ರೋಗಿಗೆ ದ್ರೋಹ ಬಗೆದ ವೈದ್ಯನಿಗೆ ನ್ಯಾಯಾಲಯವೇಕೆ ಆಸರೆಯಾಗಬೇಕು?

ಈ ಪ್ರಶ್ನೆಯನ್ನು ಕೇಳಿಕೊಳ್ಳುವಾಗಲೆಲ್ಲ ಪಂಜಾಬಿನ ಪ್ರತಾಪ ಸಿಂಗರ ಮೊಕದ್ದಮೆ ನನಗೆ ನೆನಪಾಗುತ್ತದೆ. ಅವರು ಜಲಂಧರದಲ್ಲಿ ಸಿವಿಲ್ ಸರ್ಜನರಾಗಿದ್ದು, ನಿವೃತ್ತಿಗೆ ಮುಂಚಿನ ರಜೆಯ ಮೇಲಿದ್ದರು. 1961ರಲ್ಲಿ ಸರಕಾರ ರಜೆಯನ್ನು ರದ್ದುಮಾಡಿ, ಅವರನ್ನು ಅಮಾನತಿನಲ್ಲಿಟ್ಟು, ವಿಚಾರಣೆಗೆ ಆಜ್ಞೆಮಾಡಿತು. ಆರೋಪವೇನು? ರೋಗಿಯೊಬ್ಬನಿಂದ 16 ರೂಪಾಯಿ ಲಂಚ ಪಡೆದರೆಂಬುದು. ಡಾಕ್ಟರು ಹೇಳಿದ ಕಥೆ ಬೇರೆ: ಮುಖ್ಯಮಂತ್ರಿ ಪ್ರತಾಪ ಸಿಂಗ್ ಕೈರೋನರಿಗೂ ಅವರ ಮನೆಯವರಿಗೂ ಬೇಕಾದಂತೆ ನಡೆಯದಿದ್ದುದರ ಸೇಡು ಇದು, ಎಂದು. ಮಾತುಕತೆಯ ಧ್ವನಿಮುದ್ರಣಗಳನ್ನೂ ಅವರು ಹಾಜರುಪಡಿಸಿದರು. ಮುಖ್ಯಮಂತ್ರಿಗಳು ತಾವೇ ಪ್ರಮಾಣಪತ್ರ ಸಲ್ಲಿಸಿ ಅಲ್ಲಗಳೆಯಲಿಲ್ಲ. ಹೈಕೋರ್ಟಿನಲ್ಲಿ ಸೋತ ವೈದ್ಯರು 1963ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ಗೆದ್ದರು. ಐವರು ನ್ಯಾಯಾಧೀಶರಲ್ಲಿ ಮೂವರು, ಅಧಿಕಾರವನ್ನು ದುರುದ್ದೇಶದಿಂದ ಬಳಸಲಾಗಿದೆಯೆಂದು ಆ ಆಜ್ಞೆಗಳನ್ನು ಹೊಡೆದುಹಾಕಿದರು.

ಹಾಗಾದರೆ 16 ರೂಪಾಯಿಯ ಗತಿ? ವೈದ್ಯರು ಅದನ್ನು ಪಡೆದರೇ ಇಲ್ಲವೇ ಎಂಬುದು ಆ ತೀರ್ಪಿನ ವಿಷಯವೇ ಆಗಿರಲಿಲ್ಲ. ಸಾಮಾನ್ಯ ಮನುಷ್ಯನಿಗೆ ಇದು ವಿಚಿತ್ರವೆನಿಸುವುದು ಸಹಜ. ನನಗೂ ಮೊದಲಿಗೆ ಹಾಗೆಯೇ ಅನಿಸಿತು. ಆದರೆ ದಂಡಿಸುವ ಅಧಿಕಾರ ಮಂತ್ರಿಯ ಪಿತ್ರಾರ್ಜಿತವಲ್ಲ. ಅದು ರೋಗಿಗಳ ಪರವಾಗಿ ಅವನಲ್ಲಿಟ್ಟ ಠೇವಣಿ. ತನ್ನ ಹಗೆ ತೀರಿಸಲು ಅದನ್ನು ಬಳಸಿದಾಗ ಅವನು ಕಸಿದುಕೊಂಡದ್ದು ರೋಗಿಯ ಆಯುಧವನ್ನೇ. ಮನೆಯವರ ಮಾತು ಕೇಳದ ಡಾಕ್ಟರಿಗೆ ಶಿಕ್ಷೆಯಾಗುವ ಊರಿನಲ್ಲಿ ಡಾಕ್ಟರು ಯಾರ ಮಾತು ಕೇಳಲು ಕಲಿಯುತ್ತಾನೆ? ಬೆಂಚಿನ ಮೇಲೆ ಕಾದಿರುವವನದಂತೂ ಅಲ್ಲ.

ಒರಿಸ್ಸಾದ ಡಾ. ಬೀನಾಪಾಣಿ ದೇಯಿಯವರದು ಶಿಸ್ತಿನ ಪ್ರಕರಣವಲ್ಲ, ವಯಸ್ಸಿನದು. ತಾನು 1910ರಲ್ಲಿ ಹುಟ್ಟಿದೆನೆಂದು ಸೇವೆಗೆ ಸೇರುವಾಗ ಬರೆದುಕೊಟ್ಟಿದ್ದರು. ಸರಕಾರ ಒಳಗೊಳಗೇ ತನಿಖೆ ಮಾಡಿಸಿ, ಆ ವರದಿಯನ್ನು ಅವರಿಗೆ ತೋರಿಸದೆಯೇ, ವಯಸ್ಸು ಮೀರಿತೆಂದು ಮನೆಗೆ ಕಳುಹಿಸಿತು. 1967ರಲ್ಲಿ ಸುಪ್ರೀಂ ಕೋರ್ಟು ಇದನ್ನು ಒಪ್ಪಲಿಲ್ಲ. ಯಾವ ಆಧಾರದ ಮೇಲೆ ಅನ್ನ ಕಿತ್ತುಕೊಳ್ಳುವಿರೋ ಅದನ್ನು ಆ ವ್ಯಕ್ತಿಗೆ ತಿಳಿಸಿ, ಮಾತು ಕೇಳಿ: ಇದಿಷ್ಟೇ ಅದರ ಸಾರ.

ನ್ಯಾಯಾಲಯ ಸಾಕ್ಷ್ಯವನ್ನು ಮತ್ತೆ ತೂಗಿ ನೋಡುವ ಮೇಲ್ಮನವಿಯ ಪೀಠವಲ್ಲವೆಂದು 1995ರ ಚತುರ್ವೇದಿ ಪ್ರಕರಣದಲ್ಲಿ ಸ್ಪಷ್ಟವಾಗಿ ಹೇಳಿದೆ. ಅದು ನೋಡುವುದು ಮುಖ್ಯವಾಗಿ ವಿಚಾರಣೆ ನಡೆದ ರೀತಿಯನ್ನು. ನಮ್ಮಲ್ಲಿ ಅದಕ್ಕೆ 1957ರ ನಿಯಮಗಳಿವೆ, 1986ರಿಂದ ಆಡಳಿತ ನ್ಯಾಯಮಂಡಳಿಯಿದೆ. ವಿಚಾರಣಾ ವರದಿಯ ಪ್ರತಿಯನ್ನು ಆರೋಪಿತನಿಗೆ ಕೊಡಬೇಕೆಂದು 1993ರಲ್ಲಿ ಕರುಣಾಕರ್ ಪ್ರಕರಣದಲ್ಲಿ ತೀರ್ಮಾನವಾಗಿದೆ. ಇಷ್ಟಾದರೂ ಒಂದು ಪ್ರತಿಯನ್ನು ಕೊಡದೆ, ಒಬ್ಬ ಸಾಕ್ಷಿಯನ್ನು ಕರೆಯದೆ ಕಡತ ಮುಗಿಸುವ ಕಚೇರಿಯ ಮೇಲೆ ಹೋಟೆಲಿನಲ್ಲಿ ಯಾರೂ ಸಿಟ್ಟಾಗುವುದಿಲ್ಲ. ತಪ್ಪಿತಸ್ಥ ಬಿಡುಗಡೆಯಾದಾಗ ಬಾಗಿಲು ತೆರೆದಿಟ್ಟವರು ಅನೇಕ ವೇಳೆ ಅವರೇ. ಅಂಥಲ್ಲಿ ನ್ಯಾಯಾಲಯ ಅನೇಕ ಸಲ, ತಪ್ಪಿದ ಹಂತದಿಂದ ವಿಚಾರಣೆಯನ್ನು ಮತ್ತೆ ನಡೆಸಿರೆಂದೇ ಹೇಳುತ್ತದೆ. ಮತ್ತೆ ನಡೆಸುವಷ್ಟು ಉತ್ಸಾಹ ಕಚೇರಿಗೆ ಉಳಿದಿದ್ದರೆ!

ಇಷ್ಟು ಹೇಳಿದ ಮೇಲೂ ನನ್ನ ಅಸಮಾಧಾನ ಪೂರ್ತಿ ಹೋಗಿಲ್ಲ. ಇಲಾಖಾ ವಿಚಾರಣೆಯಲ್ಲಿ ಆರೋಪಿತ ವೈದ್ಯನಿಗೆ ಕುರ್ಚಿಯಿದೆ, ಸರಕಾರದ ಪರ ಮಂಡಿಸುವವನಿಗೆ ಕುರ್ಚಿಯಿದೆ. ರೋಗಿ ಬರುವುದು ಸಾಕ್ಷಿಯಾಗಿ, ಸಮನ್ಸು ಸಿಕ್ಕಿದ ದಿನ, ಒಂದು ದಿನದ ಕೂಲಿ ಕಳೆದುಕೊಂಡು. ಹೇಳಿಕೆ ಕೊಟ್ಟು ಬಸ್ಸು ಹತ್ತಿದ ಮೇಲೆ ಪ್ರಕರಣವೇನಾಯಿತೆಂದು ಅವನಿಗೆ ಯಾರೂ ಕಾಗದ ಬರೆಯುವುದಿಲ್ಲ.