ಮದುವೆಯ ಸಂಕಲ್ಪ ಯಾರದು?

ಧರ್ಮಶಾಸ್ತ್ರಗಳು ಮದುವೆಯನ್ನು ಸಂಸ್ಕಾರಗಳಲ್ಲಿ ಒಂದೆಂದು ಎಣಿಸುತ್ತವೆ. ಸಂಸ್ಕಾರಗಳಲ್ಲಿ ಬಹುಪಾಲು ಹಿರಿಯರು ಕಿರಿಯರಿಗೆ ಮಾಡಿಸುವಂಥವು. ನಾಮಕರಣಕ್ಕಾಗಲಿ ಅನ್ನಪ್ರಾಶನಕ್ಕಾಗಲಿ ಮಗುವಿನ ಒಪ್ಪಿಗೆ ಕೇಳುವ ಪ್ರಶ್ನೆಯೇ ಇಲ್ಲ. ಮದುವೆ ಹಾಗಲ್ಲ, ಅದರಲ್ಲಿ ಇಬ್ಬರು ಪರಸ್ಪರ ಮಾತು ಕೊಡಬೇಕು, ಕೊಟ್ಟ ಮಾತಿಗೆ ಬದುಕಿಡೀ ಹೊಣೆಯಾಗಬೇಕು. ಹಾಗಾದರೆ ಮದುವೆಯ ನಿಜವಾದ ಕರ್ತೃ ಯಾರು? ಮಾಡಿಕೊಡುವ ತಂದೆತಾಯಿಯೇ, ಮಾಡಿಸುವ ಪುರೋಹಿತರೇ, ಮಾಡಿಕೊಳ್ಳುವ ಗಂಡುಹೆಣ್ಣೇ? ಛತ್ರದಿಂದ ಹಿಡಿದು ಶಾಸ್ತ್ರದವರೆಗೆ ಎಲ್ಲವನ್ನೂ ವಧೂವರರೇ ಕೂತು ಮಾತಾಡಿ ನಿರ್ಧರಿಸುವುದು ಇಂದು ಹೆಚ್ಚುತ್ತಿರುವುದರಿಂದ ಈ ಹಳೆಯ ಪ್ರಶ್ನೆಯನ್ನು ಮತ್ತೆ ಎತ್ತಿಕೊಳ್ಳಬೇಕಾಗಿದೆ.

ಋಗ್ವೇದದ ಹತ್ತನೆಯ ಮಂಡಲದ 85ನೆಯ ಸೂಕ್ತ ಸೂರ್ಯೆಯ ವಿವಾಹವನ್ನು ವರ್ಣಿಸುತ್ತದೆ. ಪಾಣಿಗ್ರಹಣದ ವೇಳೆ ಇಂದಿಗೂ ಹೇಳುವ ಮಂತ್ರ ಅದರದೇ. ತಂದೆ ಸವಿತೃ ಮಗಳನ್ನು ಪತಿಗೆ ಕೊಟ್ಟನೆಂದು ಹೇಳುವಾಗ ಸೂಕ್ತ ಒಂದು ಮಾತನ್ನು ಸೇರಿಸುತ್ತದೆ: ಸೂರ್ಯೆ ಮನಸಾರೆ ಒಪ್ಪಿದ್ದಳು. ಕೊಡುವವನ ಕ್ರಿಯೆಯ ಜೊತೆಗೇ ಹೋಗುವವಳ ಮನಸ್ಸನ್ನೂ ನಮೂದಿಸಬೇಕೆಂದು ಆ ಸೂಕ್ತಕ್ಕೆ ತೋರಿತ್ತು.

ಮನುಸ್ಮೃತಿಯ ಮೂರನೆಯ ಅಧ್ಯಾಯ ಎಂಟು ಬಗೆಯ ವಿವಾಹಗಳನ್ನು ಪಟ್ಟಿ ಮಾಡುತ್ತದೆ. ಬ್ರಾಹ್ಮ, ದೈವ, ಆರ್ಷ ವಿವಾಹಗಳಲ್ಲಿ ಕೊಡುವ ತಂದೆಯೇ ಮುಖ್ಯ. ಗಾಂಧರ್ವದಲ್ಲಿ ಇಬ್ಬರ ಪರಸ್ಪರ ಇಚ್ಛೆಯೇ ಎಲ್ಲ. ಪ್ರಾಜಾಪತ್ಯವೆಂಬ ಬಗೆ ಇವೆರಡರ ನಡುವೆ ನಿಲ್ಲುತ್ತದೆ. ಅಲ್ಲಿಯೂ ತಂದೆಯೇ ಕೊಡುತ್ತಾನೆ. ಆದರೆ ನೀವಿಬ್ಬರೂ ಕೂಡಿ ಧರ್ಮವನ್ನು ಆಚರಿಸಿ ಎಂದು ಹರಸಿ ಕೊಡುತ್ತಾನೆ. ಆ ಮಾತು ಮುಗಿಯುವಷ್ಟರಲ್ಲಿ ಹೊಣೆ ತಂದೆಯ ಕೈಬಿಟ್ಟು ಇಬ್ಬರ ಹೆಗಲಿಗೆ ಬಂದಿರುತ್ತದೆ. ಅದೇ ಗ್ರಂಥ ಹೆಣ್ಣನ್ನು ತಂದೆ, ಗಂಡ, ಮಗನ ಅಧೀನದಲ್ಲಿ ಇರಿಸುತ್ತದೆ ಎಂಬುದನ್ನು ಮರೆಯುವಂತಿಲ್ಲ. ಸಹಧರ್ಮದ ಮಾತನ್ನು ಹೇಳಿದ ಪರಂಪರೆಯೇ ಅದನ್ನು ಪೂರ್ತಿಯಾಗಿ ಪಾಲಿಸಲಿಲ್ಲ.

ಕನ್ಯಾದಾನದ ವಿಷಯದಲ್ಲಿ ಇನ್ನೊಂದು ತೊಡಕಿದೆ. ದಾನ ಮಾಡಬೇಕಾದರೆ ವಸ್ತು ತನ್ನದಾಗಿರಬೇಕು. ಮಗಳು ತಂದೆಯ ಸ್ವತ್ತೇ? ಪೂರ್ವಮೀಮಾಂಸೆಯಲ್ಲಿ ವಿಶ್ವಜಿತ್ ಎಂಬ ಯಾಗದ ಸಂದರ್ಭದಲ್ಲಿ ಇದಕ್ಕೆ ಹತ್ತಿರದ ಚರ್ಚೆ ಬರುತ್ತದೆ. ಆ ಯಾಗ ಮಾಡುವವನು ತನ್ನದೆಲ್ಲವನ್ನೂ ಕೊಟ್ಟುಬಿಡಬೇಕು. ಹಾಗಿದ್ದರೂ ಬಂಧುಗಳನ್ನು ಕೊಡುವಂತಿಲ್ಲ, ಏಕೆಂದರೆ ಅವರ ಮೇಲೆ ಅವನಿಗೆ ಒಡೆತನವಿಲ್ಲ ಎಂಬುದು ಮೀಮಾಂಸಕರ ತೀರ್ಮಾನ. ಈ ಜಾಡಿನಲ್ಲಿ ಯೋಚಿಸಿದ ಧರ್ಮಶಾಸ್ತ್ರಜ್ಞರು ಕನ್ಯಾದಾನದಲ್ಲಿ ದಾನವೆಂಬುದು ಗೌಣಾರ್ಥದ ಮಾತೆಂದು ವಿವರಿಸಿದರು. ಮಗಳು ತಂದೆಯ ವಸ್ತುವಲ್ಲ ಎಂದಮೇಲೆ ಧಾರೆಯಲ್ಲಿ ಕೈ ಬದಲಾಗುವುದು ಒಡೆತನವಲ್ಲ, ಕಾಳಜಿಯ ಭಾರ. ಆ ಭಾರವನ್ನು ಗಂಡಹೆಂಡಿರಿಬ್ಬರೂ ಜೊತೆಯಾಗಿ ಹೊರಬೇಕು ಎನ್ನುವುದಕ್ಕೂ ಮೀಮಾಂಸೆಯಲ್ಲೇ ಆಧಾರವಿದೆ: ಯಾಗದ ಅಧಿಕಾರ ದಂಪತಿಗಳಿಬ್ಬರಿಗೂ ಕೂಡಿ ಇದೆ ಎಂದು ಜೈಮಿನಿ ಸೂತ್ರಗಳ ಆರನೆಯ ಅಧ್ಯಾಯ ನಿರ್ಣಯಿಸುತ್ತದೆ.

ಕರ್ನಾಟಕದ ಮದುವೆಮಂಟಪದಲ್ಲಿ ನಡೆಯುವ ಶಾಸ್ತ್ರಗಳನ್ನು ಒಂದೊಂದಾಗಿ ಗಮನಿಸಿದರೆ ಹೆತ್ತವರ ಕೊಡುಗೆ, ಇಬ್ಬರ ಸಮ್ಮತಿ ಎಂಬ ಎರಡೂ ಎಳೆಗಳು ಕಾಣುತ್ತವೆ. ಧಾರೆಯ ಹೊತ್ತಿನಲ್ಲಿ ಹೆತ್ತವರ ಕೈ ಮೇಲಿರುತ್ತದೆ. ನೀರು ಅವರ ಕೈಯಿಂದ ಮಕ್ಕಳ ಕೈಗೆ ಇಳಿಯುತ್ತದೆ. ಜೀರಿಗೆ ಬೆಲ್ಲದಲ್ಲಿ ಮಾತ್ರ ಇಬ್ಬರೇ. ಹಸೆಮಣೆಯ ಮೇಲೆ ನಿಂತವರ ನಡುವೆ ಅಂತರಪಟ ಹಿಡಿದಿರುತ್ತಾರೆ, ಓಲಗದ ಸದ್ದು ಏರುತ್ತದೆ, ಪಟ ಸರಿದ ಕೂಡಲೇ ಇಬ್ಬರೂ ಒಬ್ಬರ ತಲೆಯ ಮೇಲೊಬ್ಬರು ಜೀರಿಗೆ ಬೆಲ್ಲ ಹಾಕುತ್ತಾರೆ. ಲಾಜಾಹೋಮದಲ್ಲಿ ವಧುವಿನ ಬೊಗಸೆಗೆ ಅಣ್ಣನೋ ತಮ್ಮನೋ ಅರಳು ತುಂಬುತ್ತಾನೆ, ತವರಿನ ಕೊಡುಗೆ ಅಲ್ಲಿಯೂ ಇರುತ್ತದೆ. ಅಗ್ನಿಗೆ ಅರ್ಪಿಸುವವಳು ವಧು. ಸಪ್ತಪದಿಯಲ್ಲಿ ಹೆತ್ತವರಾಗಲಿ ಒಡಹುಟ್ಟಿದವರಾಗಲಿ ಕೈ ಹಾಕುವಂತಿಲ್ಲ. ಅನ್ನಕ್ಕೆ, ಬಲಕ್ಕೆ, ಸಂಪತ್ತಿಗೆ, ಸುಖಕ್ಕೆ, ಸಂತಾನಕ್ಕೆ, ಋತುಗಳಿಗೆ ಎಂದು ಆರು ಹೆಜ್ಜೆ ಇಟ್ಟ ಮೇಲೆ ಏಳನೆಯದು ಸಖ್ಯಕ್ಕೆ. ಹೀಗೆ ಮನೆತನದಿಂದ ಆರಂಭವಾದ ವಿಧಿ ಗೆಳೆತನದಲ್ಲಿ ಮುಗಿಯುತ್ತದೆ.

ಉಳಿದ ಧರ್ಮಗಳಲ್ಲೂ ಸಮ್ಮತಿಗೆ ಕೇಂದ್ರಸ್ಥಾನವಿದೆ. ಮುಸ್ಲಿಮರ ನಿಕಾಹ್ ಒಂದು ಕರಾರು. ಪ್ರಸ್ತಾವ ಮತ್ತು ಸ್ವೀಕಾರ, ಸಾಕ್ಷಿಗಳು, ವಧುವಿಗೆ ಸಲ್ಲಬೇಕಾದ ಮೆಹರ್ ಅದರ ಅಂಗಗಳು. ಇಬ್ಬರೂ ಒಪ್ಪಿದ ಷರತ್ತುಗಳನ್ನು ನಿಕಾಹ್‌ನಾಮಾದಲ್ಲಿ ಬರೆಸುವುದಕ್ಕೂ ಅವಕಾಶವಿದೆ. ಲ್ಯಾಟಿನ್ ವಿಧಿಯ ಕ್ಯಾಥೋಲಿಕ್ ದೇವಶಾಸ್ತ್ರದ ಪ್ರಕಾರ ಮದುವೆಯ ಸಂಸ್ಕಾರವನ್ನು ನೀಡುವವರು ಪಾದ್ರಿಯಲ್ಲ, ಪರಸ್ಪರ ಸಮ್ಮತಿಸುವ ವಧೂವರರೇ. ಪಾದ್ರಿ ಚರ್ಚಿನ ಪರವಾಗಿ ನಿಲ್ಲುವ ಸಾಕ್ಷಿ. ಪುರೋಹಿತರಿಲ್ಲದೆಯೂ ಮದುವೆ ನಡೆಯುತ್ತದೆ ಎಂಬುದಕ್ಕೆ ನಮ್ಮ ನಾಡಿನಲ್ಲೇ ಉದಾಹರಣೆಯಿದೆ: ಕೊಡವರ ಮದುವೆಯಲ್ಲಿ ಪುರೋಹಿತರೇ ಇರುವುದಿಲ್ಲ. ಮನೆತನದ ಹಿರಿಯರು, ಬಂಧುಗಳು ಸಾಲಾಗಿ ಬಂದು ಅಕ್ಕಿ ಹಾಕಿ ಹರಸುತ್ತಾರೆ.

ಕನ್ನಡ ನಾಡಿನ ಶರಣರು ದಾಂಪತ್ಯವನ್ನೇ ಸಾಧನೆಯ ದಾರಿ ಮಾಡಿಕೊಂಡರು. ಸತಿಪತಿಗಳು ಒಂದಾಗಿ ಮಾಡುವ ಭಕ್ತಿಯೇ ಶಿವನಿಗೆ ಮೆಚ್ಚುಗೆಯೆಂದು ಜೇಡರ ದಾಸಿಮಯ್ಯ ಸಾರಿದ. ಆಯ್ದಕ್ಕಿ ಲಕ್ಕಮ್ಮನ ಪ್ರಸಂಗ ಇದಕ್ಕೆ ಒಳ್ಳೆಯ ನಿದರ್ಶನ. ಅವಳ ಗಂಡ ಮಾರಯ್ಯ ದಿನವೂ ಅಂಗಳದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತರುತ್ತಿದ್ದ. ಒಂದು ದಿನ ಎಂದಿಗಿಂತ ಹೆಚ್ಚು ತಂದಾಗ ಇದು ಅತಿಯಾಸೆ, ಹಿಂದಕ್ಕೆ ಸುರಿದು ಬನ್ನಿ ಎಂದು ಲಕ್ಕಮ್ಮ ತಿದ್ದುತ್ತಾಳೆ, ಮಾರಯ್ಯ ತಿದ್ದಿಕೊಳ್ಳುತ್ತಾನೆ. ಸಂಗಾತಿಯ ಬೆಂಬಲ ಎಂದರೇನು ಎಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಉತ್ತರ ಸಿಗುವುದು ಕಷ್ಟ. ಬೇಕಾದಾಗ ತಡೆದು ಹೇಳುವ ಧೈರ್ಯ ಒಬ್ಬರಿಗೆ, ಹೇಳಿದ್ದನ್ನು ಕೇಳಿಸಿಕೊಳ್ಳುವ ವಿನಯ ಇನ್ನೊಬ್ಬರಿಗೆ ಇರಬೇಕು.

ಇಪ್ಪತ್ತನೆಯ ಶತಮಾನದಲ್ಲಿ ಈ ಚಿಂತನೆಗೆ ವಿಧಿಯ ರೂಪ ಕೊಟ್ಟವರು ಕುವೆಂಪು. ಅವರು ರೂಪಿಸಿದ ಮಂತ್ರಮಾಂಗಲ್ಯದ ಕ್ರಮದಲ್ಲಿ ಮಗ ಪೂರ್ಣಚಂದ್ರ ತೇಜಸ್ವಿ ಮತ್ತು ರಾಜೇಶ್ವರಿ ಅವರ ವಿವಾಹ 1966ರಲ್ಲಿ ನಡೆಯಿತು. ವರದಕ್ಷಿಣೆ, ಜಾತಕ, ಮುಹೂರ್ತ, ವಾದ್ಯಗೋಷ್ಠಿಯ ಆಡಂಬರ ಇವಾವುದೂ ಅದರಲ್ಲಿಲ್ಲ. ಕುವೆಂಪು ಮಂತ್ರಗಳನ್ನು ಕೈಬಿಡಲಿಲ್ಲ. ಪರಂಪರೆಯಿಂದ ಉದಾತ್ತವಾದವನ್ನು ಆಯ್ದು ಕನ್ನಡದ ಅರ್ಥದೊಡನೆ ಜೋಡಿಸಿದರು. ಕೆಲವೇ ಬಂಧುಮಿತ್ರರ ಎದುರು ವಧೂವರರು ಪ್ರತಿಜ್ಞೆಯನ್ನು ತಾವೇ ನುಡಿಯುತ್ತಾರೆ. ತನಗೆ ತಿಳಿಯದ ಭಾಷೆಯಲ್ಲಿ ತನ್ನ ಪರವಾಗಿ ಇನ್ನೊಬ್ಬರು ಹೇಳಿದ ಮಾತಿಗೆ ಒಬ್ಬ ಮನುಷ್ಯ ಹೇಗೆ ಹೊಣೆಯಾಗಬಲ್ಲ ಎಂಬ ಪ್ರಶ್ನೆಗೆ ಮಂತ್ರಮಾಂಗಲ್ಯ ಕೊಟ್ಟ ಉತ್ತರ ಇದು. ಇಂದಿಗೂ ಕರ್ನಾಟಕದಲ್ಲಿ ಹಲವರು ಈ ರೀತಿ ಮದುವೆಯಾಗುತ್ತಾರೆ.

ಕಾನೂನೂ ವಿಧಿ, ಸಮ್ಮತಿ ಎಂಬ ಎರಡೂ ನೆಲೆಗಳನ್ನು ಒಪ್ಪಿದೆ. 1955ರ ಹಿಂದೂ ವಿವಾಹ ಕಾಯ್ದೆಯ 7ನೆಯ ಸೆಕ್ಷನ್ ಪ್ರಕಾರ ವಧು ಅಥವಾ ವರನ ಕಡೆಯ ರೂಢಿಯ ವಿಧಿಗಳಂತೆ ಮದುವೆ ನಡೆಯಬೇಕು. ಸಪ್ತಪದಿ ಆ ವಿಧಿಯ ಭಾಗವಾಗಿದ್ದರೆ ಏಳನೆಯ ಹೆಜ್ಜೆಗೆ ಮದುವೆ ಪೂರ್ಣಗೊಳ್ಳುತ್ತದೆ. ವಿಧಿಗಳೇ ನಡೆಯದೆ ಬರಿಯ ನೋಂದಣಿ ಪತ್ರದಿಂದ ಹಿಂದೂ ವಿವಾಹ ಆಗದೆಂದು ಸುಪ್ರೀಂ ಕೋರ್ಟ್ 2024ರಲ್ಲಿ ಹೇಳಿತು. 1954ರ ವಿಶೇಷ ವಿವಾಹ ಕಾಯ್ದೆ ವಿಧಿಯ ಆಯ್ಕೆಯನ್ನು ವಧೂವರರಿಗೇ ಬಿಡುತ್ತದೆ, ಆದರೆ ವಿವಾಹಾಧಿಕಾರಿ ಮತ್ತು ಮೂವರು ಸಾಕ್ಷಿಗಳ ಎದುರು ತಮಗೆ ಅರ್ಥವಾಗುವ ಭಾಷೆಯಲ್ಲಿ ಪರಸ್ಪರ ಸ್ವೀಕರಿಸುವ ಮಾತನ್ನು ಹೇಳಲೇಬೇಕೆಂದು ವಿಧಿಸುತ್ತದೆ.

ಇಷ್ಟರಿಂದ ತಿಳಿಯುವುದೆಂದರೆ, ಇಬ್ಬರೂ ಕೂತು ಮದುವೆಯನ್ನು ಯೋಜಿಸುವುದು ಶಾಸ್ತ್ರಕ್ಕೆ ಹೊರಗಿನ ಲೌಕಿಕ ತಯಾರಿಯಲ್ಲ. ಧರ್ಮಾರ್ಥಕಾಮಗಳಲ್ಲಿ ಸಂಗಾತಿಯನ್ನು ಮೀರಿ ನಡೆಯೆನೆಂದು ಮಂಟಪದಲ್ಲಿ ಕೊಡುವ ಮಾತನ್ನು ಮೊದಲು ಆಚರಿಸಿ ನೋಡುವುದು ಆ ಯೋಜನೆಯಲ್ಲಿಯೇ. ಖರ್ಚನ್ನು ಯಾರು ಎಷ್ಟು ಹೊರಬೇಕು ಎಂಬುದು ಅರ್ಥದ ಪ್ರಶ್ನೆ. ಹೆಣ್ಣಿನ ಕಡೆಯವರೇ ಮದುವೆ ಮಾಡಿಕೊಡಬೇಕೆಂಬ ರೂಢಿಯ ನೆರಳಲ್ಲಿ ವರದಕ್ಷಿಣೆ ಬೇರೆ ಹೆಸರುಗಳಲ್ಲಿ ಉಳಿದುಕೊಂಡಿದೆ. 1961ರ ನಿಷೇಧ ಕಾಯ್ದೆ ಒಂದೇ ಅದನ್ನು ತಡೆಯಲಾರದು. ಖರ್ಚನ್ನು ಎರಡೂ ಮನೆಯವರು ಸಮನಾಗಿ ಹೊರೋಣ ಎಂದು ವರನೇ ತನ್ನ ಹೆತ್ತವರಿಗೆ ಹೇಳಬೇಕು. ಆ ಮಾತನ್ನು ವಧುವಿನ ಬಾಯಿಂದ ಹೇಳಿಸಿದರೆ ಅವಳು ಗಟ್ಟಿಗಿತ್ತಿ, ಜಗಳಗಂಟಿ ಎನಿಸಿಕೊಂಡು ಆ ಮನೆಗೆ ಕಾಲಿಡಬೇಕಾಗುತ್ತದೆ.

ಯಾವ ಶಾಸ್ತ್ರ ಇರಬೇಕು ಎಂಬುದು ಧರ್ಮದ ಪ್ರಶ್ನೆ. ಒಬ್ಬರಿಗೆ ಹೋಮದಲ್ಲಿ ಶ್ರದ್ಧೆ, ಇನ್ನೊಬ್ಬರಿಗೆ ಇಲ್ಲ ಎನ್ನುವ ಸಂದರ್ಭ ಈಗ ಅಪರೂಪವಲ್ಲ. ಅಲ್ಲಿ ನಿನ್ನಿಷ್ಟ ಎಂದು ಕೈತೊಳೆದುಕೊಳ್ಳುವುದು ಔದಾರ್ಯದಂತೆ ಕಂಡರೂ ಹೊಣೆಯಿಂದ ಜಾರಿಕೊಳ್ಳುವ ದಾರಿ. ನಂಬಿಕೆಯಿಲ್ಲದವರು ಆ ವಿಧಿಯ ಅರ್ಥವನ್ನು ಕೇಳಿ ತಿಳಿಯಬೇಕು. ನಂಬಿಕೆಯುಳ್ಳವರು ಸಂಗಾತಿಯ ಬಾಯಲ್ಲಿ ಸುಳ್ಳಾಗುವ ಪ್ರತಿಜ್ಞೆಯನ್ನು ಬಲವಂತದಿಂದ ಹೇಳಿಸಬಾರದು. ಇಬ್ಬರೂ ಪ್ರಾಮಾಣಿಕವಾಗಿ ನುಡಿಯಬಲ್ಲ ಮಾತುಗಳು ಯಾವುವೋ ಅವೇ ಅವರ ಮಂತ್ರ. ಪುರೋಹಿತರನ್ನು ಮುಂಚೆಯೇ ಕಂಡು ಪ್ರತಿಯೊಂದು ವಿಧಿಯ ಅರ್ಥ ಕೇಳಿಕೊಳ್ಳುವುದು ಇದಕ್ಕೆ ಸುಲಭವಾದ ಉಪಾಯ.

ಎಲ್ಲವನ್ನೂ ವಧೂವರರೇ ನಿರ್ಧರಿಸುವುದಕ್ಕೆ ಒಂದು ಗಂಭೀರ ಆಕ್ಷೇಪವಿದೆ. ಮನುಷ್ಯ ಋಣಗಳನ್ನು ಹೊತ್ತೇ ಹುಟ್ಟುತ್ತಾನೆಂದು ವೇದ ಹೇಳುತ್ತದೆ. ಹೆತ್ತವರ, ಬಂಧುಗಳ, ಊರಿನ ಪಾಲಿಲ್ಲದ ಮದುವೆ ಆ ಋಣವನ್ನು ಮರೆತಂತೆ ಎಂಬುದು ಹಿರಿಯರ ನೋವು. ಈ ಮಾತಿನಲ್ಲಿ ಸತ್ಯವಿದೆ. ಚಪ್ಪರದ ಕೆಲಸಕ್ಕೆ ಬಂದವರು, ಮುಯ್ಯಿ ಬರೆಸಿದವರು, ಬಡಿಸಲು ನಿಂತವರು ಮುಂದೆ ಕಷ್ಟ ಬಂದಾಗ ಆ ಸಂಸಾರದ ಬೆನ್ನಿಗೆ ನಿಲ್ಲುವವರೂ ಹೌದು. ಆದರೆ ಋಣ ತೀರಿಸುವುದು ಗೌರವದಿಂದ, ಸೇವೆಯಿಂದ. ತನ್ನ ಸಂಕಲ್ಪವನ್ನು ಇನ್ನೊಬ್ಬರಿಗೆ ಒಪ್ಪಿಸುವುದರಿಂದಲ್ಲ. ಯಾರನ್ನು ಕರೆಯಬೇಕು, ಹೇಗೆ ಸತ್ಕರಿಸಬೇಕು ಎಂಬುದರಲ್ಲಿ ಹಿರಿಯರ ಮಾತಿಗೆ ತೂಕವಿರಲಿ. ಕೊಡುವ ಮಾತು ಯಾವುದು, ಅದರ ಹೊಣೆ ಎಂಥದು ಎಂಬುದನ್ನು ನಿರ್ಧರಿಸುವ ಅಧಿಕಾರ ಆ ಮಾತಿನೊಡನೆ ಬದುಕಬೇಕಾದ ಇಬ್ಬರದು. ಹಿರಿಯರು ಸಾಕ್ಷಿಗಳಾಗಿ, ಹರಸುವವರಾಗಿ ನಿಂತು, ವಧೂವರರು ಕರ್ತೃಗಳಾಗಿ ಸಂಕಲ್ಪಿಸಿದಾಗ ಸಂಸ್ಕಾರವೂ ಸಮ್ಮತಿಯೂ ಒಂದೇ ಮದುವೆಯಲ್ಲಿ ಕೂಡಿಬರುತ್ತವೆ.