ಕಡಲಿಗೆ ಒಪ್ಪಿಸಿದ ಮುಖಗಳು

ಮೈಸೂರಿನ ಬನ್ನಿಮಂಟಪದ ಸುತ್ತಮುತ್ತ ಇರುವವರಿಗೆ ವಿಜಯದಶಮಿ ಎಂದರೆ ಮೆರವಣಿಗೆ ಬಂದು ನಿಲ್ಲುವ ದಿನ. ಅರಮನೆಯಿಂದ ಹೊರಟ ಚಿನ್ನದ ಅಂಬಾರಿ ಸುಮಾರು ಐದು ಕಿಲೋಮೀಟರ್ ಸಾಗಿ ಇಲ್ಲಿಗೆ ಬರುತ್ತದೆ. ರಾತ್ರಿ ಮೈದಾನದಲ್ಲಿ ಪಂಜಿನ ಕವಾಯತು. ಈ ಸಂಭ್ರಮದಲ್ಲಿ ಮಂಟಪಕ್ಕೆ ಹೆಸರು ಕೊಟ್ಟ ಮರದ ಕಥೆ ಹಿಂದೆ ಸರಿದುಬಿಡುತ್ತದೆ. ಅಜ್ಞಾತವಾಸಕ್ಕೆ ಹೊರಟ ಪಾಂಡವರು ತಮ್ಮ ಆಯುಧಗಳನ್ನು ಬನ್ನಿಮರದ ಮೇಲೆ ಕಟ್ಟಿಟ್ಟು ಹೋದರು. ನಂಬಿಕಸ್ಥ ರಾಜರು ಅವರಿಗೆ ಎಷ್ಟೋ ಜನ ಇದ್ದರು. ಆದರೂ ಬಿಲ್ಲುಬಾಣಗಳನ್ನು ಕಾಯುವ ಕೆಲಸ ಬಂದದ್ದು ಚಿಗುರುತ್ತ, ಎಲೆ ಉದುರಿಸುತ್ತ ನಿಂತ ಒಂದು ಮರಕ್ಕೆ. ಮನುಷ್ಯ ತನ್ನ ಕೈಯ ವಸ್ತುವನ್ನು ಇನ್ನೊಂದು ಜೀವಕ್ಕೆ ಒಪ್ಪಿಸಿ ನಡೆದುಬಿಡುವುದು ಸಣ್ಣ ಮಾತಲ್ಲ. ಪಾಂಡವರೇನೋ ವರ್ಷ ಕಳೆದ ಮೇಲೆ ಬಂದು ಇಳಿಸಿಕೊಂಡರು. ಮರಳಿ ಪಡೆಯುವ ಯೋಚನೆಯೇ ಇಲ್ಲದೆ ಒಪ್ಪಿಸುವುದು ಸಾಧ್ಯವೇ? ದಸರೆ ಬಂದಾಗಲೆಲ್ಲ ಈ ಪ್ರಶ್ನೆ ನನ್ನಲ್ಲಿ ಏಳುತ್ತಿತ್ತು. ಸಮುದ್ರದ ತಳದಲ್ಲಿ ಶಿಲ್ಪಗಳನ್ನು ನಿಲ್ಲಿಸುವವರ ಕೆಲಸ ತಿಳಿದ ಮೇಲೆ ಅದು ಇನ್ನಷ್ಟು ಆಳಕ್ಕಿಳಿಯಿತು.

ಕೆರಿಬಿಯನ್ ಕಡಲಿನ ಗ್ರೆನಾಡ ದ್ವೀಪಕ್ಕೆ 2004ರಲ್ಲಿ ಐವಾನ್ ಚಂಡಮಾರುತ ಬಡಿಯಿತು. ನೆಲದ ಮೇಲಿನ ಮನೆಮಠಗಳ ಜೊತೆಗೆ ನೀರೊಳಗಿನ ಹವಳದ ದಿಬ್ಬಗಳೂ ಜಖಂಗೊಂಡವು. ಎರಡು ವರ್ಷಗಳ ನಂತರ, 2006ರಲ್ಲಿ, ಶಿಲ್ಪಿ ಜೇಸನ್ ಡಿಕೇರ್ಸ್ ಟೇಲರ್ ಅಲ್ಲಿನ ಮೊಲಿನೇರ್ ಕೊಲ್ಲಿಯಲ್ಲಿ ಶಿಲ್ಪಗಳನ್ನು ಇಳಿಸಿದರು. ಅವುಗಳಲ್ಲಿ ಹೆಸರಾದದ್ದು 26 ಮಕ್ಕಳು ಕೈ ಕೈ ಹಿಡಿದು ಹೊರಮುಖವಾಗಿ ವೃತ್ತದಲ್ಲಿ ನಿಂತ ಶಿಲ್ಪ. ಆಮೇಲೆ ಮೆಕ್ಸಿಕೊದ ಕಾನ್‌ಕುನ್ ಕರಾವಳಿಯಲ್ಲಿ ನೀರಡಿಯ ಒಂದು ಮ್ಯೂಸಿಯಮ್ಮೇ ಬೆಳೆಯಿತು. ಅಲ್ಲಿನ ಒಂದು ಸಮೂಹಶಿಲ್ಪದಲ್ಲೇ ನಾನೂರಕ್ಕೂ ಹೆಚ್ಚು ಆಳುಗಳಿವೆ. ಆ ಊರಿನವರನ್ನೇ ಕೂರಿಸಿಕೊಂಡು, ಅವರ ಮೈಮುಖಗಳ ಅಚ್ಚು ತೆಗೆದು ಎರಕ ಹೊಯ್ದದ್ದು.

ಈ ಶಿಲ್ಪಗಳಿಗೆ ಬಳಸುವ ಸಿಮೆಂಟು ನಮ್ಮ ಮನೆ ಕಟ್ಟುವ ಸಿಮೆಂಟಲ್ಲ. ಸಾಮಾನ್ಯ ಸಿಮೆಂಟಿನ ಕ್ಷಾರ ಎಳೆಯ ಹವಳಕ್ಕೆ ಆಗಿಬರುವುದಿಲ್ಲ. ಅದಕ್ಕಾಗಿ ಕ್ಷಾರ ತಗ್ಗಿಸಿದ ಮಿಶ್ರಣ ಬೇಕು. ಮೈಯನ್ನು ಬೇಕೆಂದೇ ತರಿತರಿಯಾಗಿ ಬಿಡುತ್ತಾರೆ. ಹವಳ ಗಿಡವಲ್ಲ, ಕಲ್ಲೂ ಅಲ್ಲ, ಪ್ರಾಣಿ. ಅದರ ಮರಿ ನೀರಿನಲ್ಲಿ ತೇಲುತ್ತ ತೇಲುತ್ತ ಗಟ್ಟಿಯಾದ ನೆಲೆ ಹುಡುಕುತ್ತದೆ; ಸಿಕ್ಕ ಕಡೆ ಅಂಟಿಕೊಂಡರೆ ಜೀವಮಾನವಿಡೀ ಅಲ್ಲೇ. ಮೊದಲು ಶಿಲ್ಪದ ಮೇಲೆ ಪಾಚಿಯ ತೆಳು ಪದರ, ಆಮೇಲೆ ಸುಣ್ಣ ಕಟ್ಟುವ ಪಾಚಿ, ಸ್ಪಂಜು, ಹವಳ, ಅವುಗಳ ಸಂದಿನಲ್ಲಿ ಏಡಿ, ಮೀನು. ಕೆಲವು ವರ್ಷಗಳಲ್ಲಿ ಕಣ್ಣು ಮುಚ್ಚುತ್ತದೆ, ಮೂಗು ಕರಗಿದಂತಾಗುತ್ತದೆ, ಯಾರ ಮುಖ ಅದು ಎಂದು ಹೇಳಲು ಬರುವುದಿಲ್ಲ. ಶಿಲ್ಪಿ ಬಯಸಿದ್ದೂ ಅದನ್ನೇ.

ಇದು ನಮ್ಮ ಊರಿನ ಕಣ್ಣಿಗೆ ಸುಲಭದ ಮಾತಲ್ಲ. ಮೈಸೂರು ಶಿಲ್ಪಿಗಳ ಊರು. 2024ರ ಜನವರಿ 22ರಂದು ಅಯೋಧ್ಯೆಯಲ್ಲಿ ಪ್ರತಿಷ್ಠೆಯಾದ ಬಾಲರಾಮನನ್ನು ಕೆತ್ತಿದ ಅರುಣ್ ಯೋಗಿರಾಜ್ ಇಲ್ಲಿಯವರು. ನಮ್ಮ ಪರಂಪರೆಯಲ್ಲಿ ವಿಗ್ರಹಕ್ಕೆ ಕಣ್ಣು ತೆರೆಸುವುದು ಕೊನೆಯ ಕೆಲಸ, ಪ್ರಾಣಪ್ರತಿಷ್ಠೆಯ ಹೊಸ್ತಿಲ ಕೆಲಸ. ಬೆರಳೊಂದು ಮುಕ್ಕಾದರೂ ಮೂರ್ತಿ ಭಿನ್ನವಾಯಿತೆಂದು ಪೂಜೆ ನಿಲ್ಲಿಸುತ್ತಾರೆ, ಹೊಳೆಗೆ ಬಿಡುತ್ತಾರೆ. ಮಣ್ಣಿನ ಗಣಪತಿಯೂ ಕೊನೆಗೆ ಸೇರುವುದು ನೀರನ್ನೇ. ಅಂದರೆ ನಮಗೆ ನೀರು ವಿಗ್ರಹದ ಕೊನೆಯ ನಿಲ್ದಾಣ. ಟೇಲರ್ ಅವರ ಶಿಲ್ಪಕ್ಕೆ ಅದೇ ಮೊದಲ ದಿನ. ಅಲ್ಲಿ ಪ್ರಾಣ ತುಂಬುವವರು ಪುರೋಹಿತರಲ್ಲ, ಕಣ್ಣಿಗೆ ಕಾಣದಷ್ಟು ಸಣ್ಣ ಹವಳದ ಮರಿಗಳು. ರೂಪ ಕೆಡುತ್ತ ಕೆಡುತ್ತಲೇ ಅದು ಜೀವಂತವಾಗುತ್ತದೆ.

ಮೈಸೂರಿಗೆ ಹತ್ತಿರದ ಸೋಮನಾಥಪುರದಲ್ಲಿ, ಹೊಯ್ಸಳರ ಕಾಲದ ಶಿಲ್ಪಿ ಮಲ್ಲಿತಮ್ಮ ತಾನು ಕಡೆದ ಮೂರ್ತಿಗಳ ಕೆಳಗೆ ತನ್ನ ಹೆಸರು ಕೊರೆದಿದ್ದಾನೆ. ಎಂಟುನೂರು ವರ್ಷಗಳಾಗುತ್ತ ಬಂದರೂ ಓದಬಹುದು. ಆ ಹೆಸರಿನ ಮುಂದೆ ನಿಂತಾಗ ನನಗೆ ಗೌರವವೇ ಹುಟ್ಟುತ್ತದೆ. ಅದರಲ್ಲಿ ಅಹಂಕಾರ ಕಾಣುವುದಿಲ್ಲ. ಇಷ್ಟನ್ನು ನಾನು ಮಾಡಿದೆ, ತಪ್ಪೊಪ್ಪುಗಳಿಗೆ ನಾನೇ ಹೊಣೆ ಎಂದು ಹೇಳುವ ಧೈರ್ಯ ಅದು. ಹೆಸರು ಕೊರೆಯುವುದಕ್ಕೂ ಮುಖ ಅಳಿಯಲು ಬಿಡುವುದಕ್ಕೂ ವಿರೋಧವಿದೆ ಎಂದು ಮೊದಲು ಅನ್ನಿಸಿತ್ತು. ಈಗ ಹಾಗನ್ನಿಸುವುದಿಲ್ಲ. ಕೆಲಸ ನನ್ನದು ಎಂದು ಪೂರ್ತಿ ಒಪ್ಪಿಕೊಂಡವನು ಮಾತ್ರ ಅದನ್ನು ಪೂರ್ತಿ ಬಿಟ್ಟುಕೊಡಬಲ್ಲ. ಅರೆಮನಸ್ಸಿನಿಂದ ಮಾಡಿದ್ದನ್ನು ಯಾರಿಗೆ ತಾನೇ ಒಪ್ಪಿಸಲಾದೀತು?

ನೀರಿನೊಳಗಿನ ಶಿಲ್ಪ ಎಂದರೆ ಮೈಸೂರು ಸೀಮೆಯ ಹಿರಿಯರಿಗೆ ನೆನಪಾಗುವುದು ಕನ್ನಂಬಾಡಿ. ಕೃಷ್ಣರಾಜಸಾಗರ ಅಣೆಕಟ್ಟೆಯ ಕೆಲಸ 1911ರಲ್ಲಿ ಶುರುವಾಗಿ, ಕಟ್ಟೆ ಏಳುತ್ತ ಹೋದಂತೆ ಹಳೆಯ ಊರೂ ವೇಣುಗೋಪಾಲಸ್ವಾಮಿಯ ಗುಡಿಯೂ ನೀರಿನಡಿ ಸೇರಿದವು. ಅಣೆಕಟ್ಟೆ 124.80 ಅಡಿ ತುಂಬಿತೆಂಬ ಸುದ್ದಿ ಬಂದ ದಿನ ಮೈಸೂರು ಮಂಡ್ಯಗಳು ಹಬ್ಬ ಮಾಡುತ್ತವೆ; ಬರ ಬಿದ್ದು ನೀರು ತಳ ಕಂಡ ವರ್ಷಗಳಲ್ಲಿ ಆ ಗುಡಿ ತಲೆ ಎತ್ತುತ್ತಿತ್ತು, ಜನ ನೋಡಲು ಹೋಗುತ್ತಿದ್ದರು. ಹೊಲಗಳಿಗೆ ಸಂಕಟವಾದಾಗ ಮಾತ್ರ ಕಾಣಿಸುವ ದೇವಸ್ಥಾನ. ಕೊನೆಗೆ ಖೋಡೆ ಪ್ರತಿಷ್ಠಾನದವರು ಕಲ್ಲುಕಲ್ಲನ್ನೂ ಬಿಚ್ಚಿ ತಂದು ಹೊಸ ಕನ್ನಂಬಾಡಿಯ ದಡದಲ್ಲಿ ಮತ್ತೆ ಜೋಡಿಸಿದರು. ಅದು ಪಾಂಡವರ ದಾರಿ: ಇಟ್ಟದ್ದನ್ನು ಮರಳಿ ಇಳಿಸಿಕೊಳ್ಳುವುದು. ಸಿಹಿನೀರಿನಲ್ಲಿ ಹವಳ ಬೆಳೆಯದು, ಹೂಳು ಮಾತ್ರ ಕೂರುತ್ತದೆ. ಆ ಗುಡಿಗೆ ನೀರು ಏನನ್ನೂ ಕೊಡುತ್ತಿರಲಿಲ್ಲ. ತೆಗೆದದ್ದು ಸರಿಯೇ.

ನೀರಿನಡಿ ಸೇರಿದ್ದರ ಇನ್ನೊಂದು ಬಗೆಯ ಹುಡುಕಾಟವನ್ನು ಮೈಸೂರು ವಿಶ್ವವಿದ್ಯಾನಿಲಯದಲ್ಲಿ ಓದಿದ ಪುರಾತತ್ತ್ವಜ್ಞ ಎಸ್.ಆರ್. ರಾವ್ ನಡೆಸಿದರು. ಲೋಥಾಲ್ ಉತ್ಖನನದಿಂದ ಹೆಸರಾದ ಅವರು 1980ರ ದಶಕದಲ್ಲಿ ಗೋವೆಯ ರಾಷ್ಟ್ರೀಯ ಸಮುದ್ರವಿಜ್ಞಾನ ಸಂಸ್ಥೆಯ ಮೂಲಕ ಮುಳುಗುಗಾರರನ್ನು ದ್ವಾರಕೆಯ ಕಡಲಿಗಿಳಿಸಿದರು. ಕಲ್ಲಿನ ಲಂಗರುಗಳು, ಕಟ್ಟಡದ ಕಲ್ಲುಗಳು ಸಿಕ್ಕವು. ಅವುಗಳ ಕಾಲದ ಬಗ್ಗೆ ವಿದ್ವಾಂಸರ ವಾದ ಇನ್ನೂ ಮುಗಿದಿಲ್ಲ. ನೀರಿನ ತಳವೂ ಓದಬೇಕಾದ ನೆಲ ಎಂಬುದನ್ನು ಈ ದೇಶಕ್ಕೆ ಕಲಿಸಿದವರಲ್ಲಿ ಅವರು ಮೊದಲಿಗರು ಎಂಬುದರಲ್ಲಿ ಮಾತ್ರ ವಾದವಿಲ್ಲ.

ನಮ್ಮ ರಾಜ್ಯದಲ್ಲಿ ಹವಳ ನೋಡಬೇಕೆಂದರೆ ನೇತ್ರಾಣಿಗೆ ಹೋಗಬೇಕು. ಮುರುಡೇಶ್ವರದ ದಡದಿಂದ ಸುಮಾರು 19 ಕಿಲೋಮೀಟರ್ ದೂರದ ದ್ವೀಪ. ಮಳೆಗಾಲದಲ್ಲಿ ಕಡಲು ಕದಡಿರುತ್ತದೆ. ದೋಣಿಗಳು ಹೊರಡುವುದು ಮಳೆ ಹಿಂದೆ ಸರಿದ ಮೇಲೆ. ಪುನೀತ್ ರಾಜ್‌ಕುಮಾರ್ ಅವರ ‘ಗಂಧದ ಗುಡಿ’ 2022ರಲ್ಲಿ ತೆರೆಗೆ ಬಂದಾಗ ಎಷ್ಟೋ ಕನ್ನಡಿಗರು ಈ ಕಡಲಡಿಯ ನೀಲಿಯನ್ನು ಮೊದಲ ಸಲ ಕಂಡರು. ದೋಣಿ ಮುಂದೆ ಹೋದಂತೆ ಮುರುಡೇಶ್ವರದ 123 ಅಡಿಯ ಶಿವನ ಮೂರ್ತಿ ಹಿಂದೆ ಹಿಂದೆ ಸರಿಯುತ್ತದೆ. ದೂರದಿಂದಲೇ ಎಲ್ಲರಿಗೂ ಕಾಣಬೇಕೆಂದು ಎದ್ದ ಮೂರ್ತಿ ಅದು. ಎದುರಿಗಿರುವುದು ಇಳಿಯದ ಹೊರತು ಏನನ್ನೂ ತೋರಿಸದ ಲೋಕ. ಕರಾವಳಿಯ ಮೀನುಗಾರರಿಗೆ ನೇತ್ರಾಣಿ ಜಟ್ಟಿಗೇಶ್ವರನ ನೆಲೆಯೂ ಹೌದು. ಹರಕೆಯ ಆಡುಗಳನ್ನು ಅವರು ಆ ದ್ವೀಪದ ಮೇಲೆ ಬಿಟ್ಟುಬರುತ್ತಾರೆ. ಬಿಟ್ಟದ್ದನ್ನು ಮರಳಿ ಕೇಳುವುದಿಲ್ಲ. ನನ್ನ ಪ್ರಶ್ನೆಗೆ ಉತ್ತರ ಕಡಲಾಚೆಯ ಶಿಲ್ಪಿಗಿಂತ ಮುಂಚೆಯೇ ನಮ್ಮ ಮೀನುಗಾರರಲ್ಲಿ ಇತ್ತು.

ನೇತ್ರಾಣಿಯ ನೀರಿಗೆ ನಾನು ಇಳಿಯುವ ಮುನ್ನ ಗೈಡ್ ಹೇಳಿದ ಮಾತು ಒಂದೇ: “ಏನೇ ಆಗಲಿ ಸರ್, ಉಸಿರು ಹಿಡ್ಕೋಬೇಡಿ. ಬಿಡ್ತಾ ಇರಿ.” ಮೈಸೂರಿನ ಕಿವಿಗೆ ಇದು ಹೊಸದು. ಜಗನ್ಮೋಹನ ಅರಮನೆಯಲ್ಲಿ ಟಿ. ಕೃಷ್ಣಮಾಚಾರ್ಯರು ಯೋಗಶಾಲೆ ನಡೆಸಿದ ಊರು ನಮ್ಮದು. ಕುಂಭಕವೆಂದರೆ ಉಸಿರನ್ನು ತಡೆದು ನಿಲ್ಲಿಸುವುದು, ಅದನ್ನು ಸಾಧನೆಯೆಂದು ತಿಳಿದವರು ನಾವು. ನೀರಿನಡಿಯಲ್ಲಿ ಅದೇ ಅಪಾಯ. ಹತ್ತು ಮೀಟರ್ ಆಳದಲ್ಲಿ ಒತ್ತಡ ಮೇಲಿನದರ ಎರಡರಷ್ಟು. ಅಲ್ಲಿ ಎಳೆದುಕೊಂಡ ಗಾಳಿಯನ್ನು ಹಿಡಿದಿಟ್ಟುಕೊಂಡು ಮೇಲೆ ಬಂದರೆ ಅದು ಹಿಗ್ಗಿ ಶ್ವಾಸಕೋಶವನ್ನೇ ಹರಿದೀತು. ಅಲ್ಲಿ ಬಿಡುವುದೇ ಬದುಕು. ಕಿವಿ ನೋಯತೊಡಗಿದರೆ ಮೂಗು ಹಿಡಿದು ಮೆಲ್ಲಗೆ ಊದಬೇಕು. ಮಾತಿಲ್ಲ, ಕೈಸನ್ನೆ ಮಾತ್ರ. ಹೆಬ್ಬೆರಳು ಎತ್ತಿದರೆ ಮೇಲಕ್ಕೆ ಹೋಗೋಣ ಎಂದರ್ಥ. ಎಲ್ಲ ಸರಿಯಿದೆ ಎನ್ನಲು ಹೆಬ್ಬೆರಳಿಗೆ ತೋರುಬೆರಳು ತಾಗಿಸಬೇಕು, ಚಿನ್ಮುದ್ರೆಯ ಹಾಗೆಯೇ.

ಬಣ್ಣಗಳಲ್ಲಿ ಮೊದಲು ಹೋಗುವುದು ಕೆಂಪು. ಹಣೆಯ ಕುಂಕುಮವೂ ಆ ಆಳದಲ್ಲಿ ಮಂಕಾಗಿ ಕಾಣುತ್ತದೆ. ಮಾಸ್ಕಿನ ಗಾಜಿನಾಚೆಗಿನ ಎಲ್ಲವೂ ಇರುವುದಕ್ಕಿಂತ ಹತ್ತಿರ, ಇರುವುದಕ್ಕಿಂತ ದೊಡ್ಡದು. ಕೈ ಚಾಚಿದರೆ ಸಿಗುತ್ತದೆ ಎನ್ನಿಸುತ್ತದೆ, ಚಾಚಬಾರದು. ಗರ್ಭಗುಡಿಯ ಹೊರಗೆ ನಿಂತು ಮುಟ್ಟದೆ ನೋಡುವುದು ನಮಗೆ ಗೊತ್ತು, ಅದನ್ನು ದರ್ಶನವೆಂದು ಕರೆಯುತ್ತೇವೆ. ಹವಳದ ಮುಂದೆ ತೇಲುವಾಗ ಬೇಕಾದದ್ದೂ ಅದೇ ಶಿಸ್ತು. ಒಂದು ಬೆರಳು ತಗುಲಿದರೂ ಹವಳದ ಮೃದು ಮೈಗೆ ಗಾಯ; ಕಾಲಿಗೆ ಕಟ್ಟಿದ ರಬ್ಬರ್ ರೆಕ್ಕೆ ಬಡಿದರೆ ದಶಕಗಳ ಬೆಳವಣಿಗೆ ಮುರಿಯಬಹುದು. ಗುಂಡಾಗಿ ಬೆಳೆಯುವ ಹವಳಗಳು ವರ್ಷಕ್ಕೆ ಒಂದೆರಡು ಸೆಂಟಿಮೀಟರ್ ಏರಿದರೆ ಹೆಚ್ಚು. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಮೊದಲನೆಯ ಅನುಸೂಚಿಯಲ್ಲಿ, ಹುಲಿ ಆನೆಗಳ ಸಾಲಿನಲ್ಲೇ, ಹವಳಗಳನ್ನೂ ಸೇರಿಸಲಾಗಿದೆ.

ಹವಳದ ಒಳಗೆ ವಾಸಿಸುವ ಸೂಕ್ಷ್ಮ ಪಾಚಿಯೇ ಅದಕ್ಕೆ ಅನ್ನ, ಅದೇ ಬಣ್ಣ. ನೀರು ತೀರಾ ಬಿಸಿಯಾದರೆ ಆ ಸಂಸಾರ ಒಡೆಯುತ್ತದೆ. ಪಾಚಿ ಹೊರಬೀಳುತ್ತದೆ, ಹವಳ ಬಿಳಿಚಿಕೊಂಡು ಉಪವಾಸ ಬೀಳುತ್ತದೆ. 1998ರಲ್ಲಿ ಲಕ್ಷದ್ವೀಪದ ಹವಳ ಹೀಗೆ ಸತ್ತದ್ದು ಅಷ್ಟಿಷ್ಟಲ್ಲ. 2024ರ ಏಪ್ರಿಲ್‌ನಲ್ಲಿ ವಿಜ್ಞಾನಿಗಳು ಜಗತ್ತಿನಾದ್ಯಂತದ ನಾಲ್ಕನೆಯ ಬಿಳಿಚುವಿಕೆಯನ್ನು ಘೋಷಿಸಿದರು. ಟೇಲರ್ ಅವರದೇ ಒಂದು ಶಿಲ್ಪ ಆಸ್ಟ್ರೇಲಿಯದ ಟೌನ್ಸ್‌ವಿಲ್ ಕರಾವಳಿಯಲ್ಲಿ 2019ರಲ್ಲಿ ನೀರಿನ ಮೇಲೆಯೇ ನಿಂತಿತು. ಅಲ್ಲಿನ ವುಲ್ಗುರುಕಾಬ ಜನರ ಬಾಲಕಿಯೊಬ್ಬಳ ರೂಪ. ದೂರದ ಹವಳದ ದಿಬ್ಬದ ನೀರು ಎಷ್ಟು ಬಿಸಿಯಾಗಿದೆಯೋ ಅದಕ್ಕೆ ತಕ್ಕಂತೆ ರಾತ್ರಿ ಅವಳ ಮೈಬಣ್ಣ ಬದಲಾಗುತ್ತದೆ. ಆ ಶಿಲ್ಪಿಗೂ ಗೊತ್ತು, ಸಿಮೆಂಟಿನ ಆಳುಗಳು ಹವಳಕ್ಕೆ ಜಾಗ ಕೊಡಬಲ್ಲವು, ತಂಪು ಕೊಡಲಾರವು.

ಹಾಗಾದರೆ ಆ ಶಿಲ್ಪಗಳ ಪ್ರಯೋಜನ ಏನು? ಕಾನ್‌ಕುನ್‌ಗೆ ವರ್ಷಕ್ಕೆ ಲಕ್ಷಾಂತರ ಪ್ರವಾಸಿಗರು ಬರುತ್ತಾರೆ. ಅಷ್ಟೂ ಕಾಲುಗಳು ಹಳೆಯ ಹವಳದ ಮೇಲೆ ಹೋಗದಿರಲಿ, ಸ್ವಲ್ಪ ಜನ ಇತ್ತ ತಿರುಗಲಿ ಎಂದೇ ಬರಿ ಮರಳಿರುವ ಕಡೆ ಶಿಲ್ಪಗಳನ್ನು ನಿಲ್ಲಿಸಿದರು. ಅಲ್ಲಿ ಕಲೆಯ ಕೆಲಸ ನೋಟವನ್ನು ತನ್ನ ಮೇಲೆ ಎಳೆದುಕೊಂಡು ಇನ್ನೊಂದನ್ನು ಉಳಿಸುವುದು. ಕಲೆಗೆ ಇದಕ್ಕಿಂತ ದೊಡ್ಡ ಹೊಣೆ ನನಗೆ ತಿಳಿಯದು.

ನೇತ್ರಾಣಿಯ ಮಾತು ಬೇರೆ. ಒಂದು ಕಾಲಕ್ಕೆ ನೌಕಾಪಡೆಯ ಗುರಿ ಅಭ್ಯಾಸದ ಗುಂಡುಗಳನ್ನೂ ಉಂಡ ದ್ವೀಪ ಅದು. ಆದರೂ ಅಲ್ಲಿ ಜೀವವಿದೆ. ಜೀವ ತುಂಬಿರುವ ಕಡೆ ಮೂರ್ತಿ ನಿಲ್ಲಿಸುವುದು ಬೇಡ. ನಮ್ಮ ಕರಾವಳಿಯಲ್ಲಿ ಯಾರಾದರೂ ನೀರಡಿಯ ಶಿಲ್ಪವನ ಮಾಡಹೊರಟರೆ ಅದು ದೂರದ ಬರಿಮರಳಿನ ತಳದಲ್ಲಿ ಆಗಲಿ. ಮೈಸೂರಿನ ಉಳಿಗಳಿಗೆ ಅಲ್ಲಿ ಕೆಲಸವಿದೆ. ನೇತ್ರಾಣಿಗೆ ಹೋಗುವ ಓದುಗರಲ್ಲಿ ನನ್ನ ಕೋರಿಕೆ ಇಷ್ಟು: ದುಡ್ಡು ಕೊಡುವ ಮೊದಲು ಲಂಗರು ಎಲ್ಲಿ ಹಾಕುತ್ತೀರಿ ಎಂದು ಕೇಳಿ. ಹವಳದ ಮೇಲೆ ಲಂಗರು ಎಸೆಯುವ ದೋಣಿಯಾದರೆ ಹತ್ತಬೇಡಿ.