ತೂಗಿದ್ದು ಯಾರು?

2000ದ ಜೂನ್ 10ರಂದು ಲಂಡನ್ನಿನ ಥೇಮ್ಸ್ ನದಿಯ ಮೇಲೆ ಪಾದಚಾರಿಗಳಿಗೆಂದೇ ಕಟ್ಟಿದ ಮಿಲೇನಿಯಂ ಸೇತುವೆ ಜನರಿಗೆ ತೆರೆದುಕೊಂಡಿತು. ಮೊದಲ ದಿನವೇ ಜನ ಮುಗಿಬಿದ್ದರು. ಕಾಲಡಿಯ ಸೇತುವೆ ಎಡಕ್ಕೂ ಬಲಕ್ಕೂ ತೂಗತೊಡಗಿತು. ಎರಡೇ ದಿನದಲ್ಲಿ ಅದಕ್ಕೆ ಬೀಗ ಬಿತ್ತು.

ಎಂಜಿನಿಯರುಗಳು ಜನರನ್ನು ನಡೆಸಿ ಪರೀಕ್ಷಿಸಿದರು. ಸುಮಾರು 160 ಮಂದಿಯವರೆಗೂ ಸೇತುವೆ ತೆಪ್ಪಗಿತ್ತು. ಇನ್ನೊಂದಿಷ್ಟು ಜನ ಸೇರಿದ್ದೇ ತಡ, ತೂಗಾಟ ಏರಿತು. ಜನ ಹೆಚ್ಚಿದಂತೆ ಓಲಾಟವೂ ತುಸುತುಸುವೇ ಹೆಚ್ಚಲಿಲ್ಲ. ಒಂದು ಗಡಿ ದಾಟುವವರೆಗೆ ಏನೂ ಇಲ್ಲ, ದಾಟಿದರೆ ಎಲ್ಲ.

ಇಂಥ ಗಡಿಗಳೆಂದರೆ ಗಣಿತಜ್ಞ ಸ್ಟೀವನ್ ಸ್ಟ್ರೋಗ್ಯಾಟ್ಸ್‌ಗೆ ಪ್ರಾಣ. ಮಿಂಚುಹುಳುಗಳು ಒಟ್ಟಿಗೆ ಮಿನುಗುವುದನ್ನು, ಹೃದಯದ ಕೋಶಗಳು ಒಟ್ಟಿಗೆ ಮಿಡಿಯುವುದನ್ನು ಸಮೀಕರಣಗಳಲ್ಲಿ ಹಿಡಿಯಲು ಹೊರಟವರು ಅವರು. 2005ರಲ್ಲಿ ಅವರೂ ಸಂಗಡಿಗರೂ ಅದೇ ಬಗೆಯ ಗಣಿತವನ್ನು ಸೇತುವೆಗೆ ಹಚ್ಚಿದರು: ಸೇತುವೆ ಕೊಂಚ ಓಲಿದರೆ ಜನರ ಹೆಜ್ಜೆ ಅದಕ್ಕೆ ಕೂಡಿಕೊಳ್ಳುತ್ತದೆ, ಕೂಡಿದ ಹೆಜ್ಜೆ ಸೇತುವೆಯನ್ನು ಇನ್ನಷ್ಟು ಓಲಿಸುತ್ತದೆ. ಹೆಜ್ಜೆಗೂಡುವುದೂ ತೂಗುವುದೂ ಜೊತೆಜೊತೆಗೇ ಶುರು.

ನನಗಂತೂ ಈ ವಿವರಣೆ ಬಹಳ ಹಿಡಿಸಿತ್ತು. ಗುಂಪೆಂದರೆ ಕುರಿಮಂದೆ ಎಂದು ನಾವು ಮೊದಲೇ ನಂಬಿದ್ದನ್ನು ಗಣಿತವೂ ಹೇಳಿದರೆ ಯಾರಿಗೆ ಬೇಡ?

2021ರಲ್ಲಿ ಬೇರೊಂದು ತಂಡ ಲೆಕ್ಕವನ್ನು ಮತ್ತೆ ಬಿಚ್ಚಿತು. 2005ರ ಪ್ರಬಂಧದ ಲೇಖಕರಲ್ಲೊಬ್ಬರಾಗಿದ್ದ ಕೇಂಬ್ರಿಜ್‌ನ ಅಲನ್ ಮೆಕ್‌ರಾಬಿ ಇದರಲ್ಲೂ ಇದ್ದರು. ತಮ್ಮದೇ ಉತ್ತರವನ್ನು ಮತ್ತೆ ಪ್ರಶ್ನಿಸುವ ಈ ಧೈರ್ಯ ಸಣ್ಣದಲ್ಲ. ಹೆಜ್ಜೆಗಳು ಕೂಡಲೇಬೇಕಿಲ್ಲ ಎಂದಿತು ಈ ಲೆಕ್ಕ. ಓಲುವ ದೋಣಿಯಲ್ಲಿ ನಿಂತವರಿಗೆ ಗೊತ್ತು, ಬೀಳದಿರಲು ಕಾಲು ತಾನೇ ಅತ್ತಿತ್ತ ಅಗಲವಾಗಿ ಊರುತ್ತದೆ. ಸೇತುವೆಯ ಮೇಲೂ ಅಷ್ಟೇ. ಅವರವರ ಹೆಜ್ಜೆ ಅವರವರದೇ ತಾಳದಲ್ಲಿದ್ದರೂ, ಬೀಳದಿರಲು ಕಾಲೂರುವಾಗ ಒಬ್ಬೊಬ್ಬರೂ ಸರಾಸರಿಯಲ್ಲಿ ಓಲಾಟಕ್ಕೆ ಒಂದಿಷ್ಟು ಬಲ ಕೊಡುತ್ತಾರೆ. ಆ ಬಲಗಳ ಮೊತ್ತ ಸೇತುವೆ ತಡೆದುಕೊಳ್ಳುವುದಕ್ಕಿಂತ ಮಿಗಿಲಾದಾಗ ತೂಗಾಟ ಏರುತ್ತದೆ. ಹೆಜ್ಜೆ ಕೂಡಿದರೂ ಅದು ಆಮೇಲಿನ ಮಾತು.

ಅಂದರೆ ಅಂದು ಸೇತುವೆಯ ಮೇಲೆ ಯಾರೂ ಯಾರನ್ನೂ ಅನುಸರಿಸಿರಬೇಕಾಗಿಲ್ಲ. ಪ್ರತಿಯೊಬ್ಬರೂ ತಾವು ಬೀಳದಂತೆ ನೋಡಿಕೊಂಡರು, ಅಷ್ಟೇ.

ಅಲುಗಾಟ ಹೀರುವ ಡ್ಯಾಂಪರ್‌ಗಳನ್ನು ಸೇತುವೆಗೆ ಜೋಡಿಸಿ 2002ರಲ್ಲಿ ಮತ್ತೆ ತೆರೆದರು. ಜನ ಮೊದಲು ನಡೆಯುತ್ತಿದ್ದಂತೆಯೇ ನಡೆಯುತ್ತಿದ್ದಾರೆ.